ಚಲನೆಯಿಲ್ಲದ ಮಾಲು

ಜಾಗ ಸಾಲದು ಎಂದು ಟೀವಿಯ ಪರದೆ ಇಂಗ್ಲಿಷಿನಲ್ಲಿ ಹೇಳಿದಾಗ ಬಸವಲಿಂಗನಿಗೆ ಮೊದಲು ಸಿಟ್ಟು ಬಂತು, ಅದರ ಹಿಂದೆಯೇ ನಾಚಿಕೆ ಬಂತು. ನಲವತ್ತೊಂದು ವರ್ಷದ ಗಂಡಸು, ಪುಣೆಯ ಭೋಸರಿಯ ಕಾರ್ಖಾನೆಯೊಂದರಲ್ಲಿ ಹದಿನೆಂಟು ವರ್ಷದಿಂದ ಸ್ಟೋರ್‌ಕೀಪರ್, ಗುರುವಾರದ ವಾರದ ರಜೆಯ ಬೆಳಿಗ್ಗೆ ಬನಿಯನ್, ಪಾಯಿಜಾಮದಲ್ಲಿ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು ವಿಡಿಯೋ ಗೇಮಿನಲ್ಲಿ ಆಸ್ಟ್ರೇಲಿಯಾವನ್ನು ಸೋಲಿಸಿದ್ದಾನೆ. ಐದು ಟೆಸ್ಟುಗಳ ಸರಣಿ, ಮೊದಲನೆಯದನ್ನು ಗೆದ್ದಾಗಿದೆ. ಈ ಗೆಲುವನ್ನು ಉಳಿಸಿಟ್ಟುಕೊಂಡರೆ ಬರುವ ಗುರುವಾರ ಎರಡನೆಯದನ್ನು ಆಡಬಹುದು, ಇಲ್ಲದಿದ್ದರೆ ಮತ್ತೆ ಮೊದಲಿನಿಂದ ಶುರು. ಸಿಟ್ಟಿಗೆ ಕಾರಣ ಅದು. ನಾಚಿಕೆಗೆ ಕಾರಣ, ಆ ಗೆಲುವನ್ನು ಯಾರಿಗೆ ತೋರಿಸಬೇಕಿತ್ತೋ ಅವಳು ಇರಲಿಲ್ಲ. ಮಗಳು ಶೀತಲ್ ಸತ್ತು ಎರಡು ವರ್ಷ ನಾಲ್ಕು ತಿಂಗಳಾಗಿತ್ತು. ಆಟದ ಡಬ್ಬಿ ಅವಳದ್ದು, ಟೀವಿಯ ಮುಂದಿನ ಈ ಮೂರು ಫರಸಿಕಲ್ಲಿನ ನೆಲವೂ ಅವಳದ್ದೇ ಆಗಿತ್ತು. ಒಳಕೋಣೆಯಲ್ಲಿ ತಾಯಿ ಶಿವಬಸವ್ವ ಲಿಂಗಪೂಜೆಗೆ ಕೂತಿದ್ದಳು. ಹೆಂಡತಿ ಮಾಧುರಿ ಕೆಳಗಿನ ಮನೆಯ ರಂಗೂಬಾಯಿಯ ಮಾರ್ಗಶೀರ್ಷ ಗುರುವಾರದ ಲಕ್ಷ್ಮೀಪೂಜೆಗೆ ಹೋಳಿಗೆ ಲಟ್ಟಿಸಿಕೊಡಲು ಹೋಗಿದ್ದಳು. ಅವಳು ಬರುವುದರೊಳಗೆ ಎಲ್ಲ ಮುಚ್ಚಿಡಬೇಕು ಎಂದು ಅವನು ಗಡಿಯಾರ ನೋಡಿದ. ಹನ್ನೊಂದಕ್ಕೆ ಹತ್ತು ನಿಮಿಷವಿತ್ತು.

ಮುಚ್ಚಿಡುವುದು ಅಂದರೆ ಬಟ್ಟೆ ಹೊದಿಸುವುದು. ಮಗಳು ಹೋದ ಹದಿಮೂರನೆಯ ದಿನ ಮಾಧುರಿ ತಾನೇ ಹೆಣೆದ ಕ್ರೋಶಾ ಬಟ್ಟೆಯೊಂದನ್ನು ಆ ಕಪ್ಪು ಡಬ್ಬಿಯ ಮೇಲೆ ಹಾಸಿದ್ದಳು, ಅಂಚಿನ ಹೂವುಗಳು ಮುಂದೆ ಇಳಿಬೀಳುವ ಹಾಗೆ. ಅವತ್ತಿನಿಂದ ಅವಳು ಅದರ ಕಡೆ ನೋಡಿದ್ದನ್ನು ಬಸವಲಿಂಗ ಕಂಡಿರಲಿಲ್ಲ. ನೋಡಲಾರಳು ಎಂದು ತಿಳಿದುಕೊಂಡಿದ್ದ. ತಾನು ಮಾತ್ರ ಈ ಮಾರ್ಚಿನಿಂದ ಗುರುವಾರಗಳಂದು, ಅವಳು ಮನೆಯಲ್ಲಿಲ್ಲದ ಹೊತ್ತು ನೋಡಿ, ಟೀವಿಯ ದನಿ ಪೂರ್ತಿ ಇಳಿಸಿ ಆಡುತ್ತಿದ್ದ. ಆಡಿ ಮುಗಿದ ಮೇಲೆ ಬಟ್ಟೆಯನ್ನು ಇದ್ದ ಹಾಗೇ ಹಾಸುತ್ತಿದ್ದ, ಬಲಗಡೆಯ ಹೂವು ಟೀವಿ ಸ್ಟ್ಯಾಂಡಿನ ಗೀರಿಗೆ ಸರಿಯಾಗಿ ಬರುವಂತೆ ಅಳತೆ ನೋಡಿ. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದ ಹಾಗೆ. ಶೀತಲ್ ಇದ್ದಾಗ ಅವನು ಒಂದು ಸಲವೂ ಗೆದ್ದವನಲ್ಲ. ದೀಪಾವಳಿಗೆ ಡಬ್ಬಿ ತಂದ ಮರುದಿನವೇ ಹತ್ತು ವರ್ಷದ ಹುಡುಗಿ ಅವನನ್ನು ನಲವತ್ತು ರನ್ನಿಗೆ ಆಲೌಟ್ ಮಾಡಿ, ಸೋಫಾದ ಮೇಲೆ ನಿಂತು ಕುಣಿದಿದ್ದಳು. ಪಪ್ಪಾ, ನೀವು ಬಾಲ್ ಬಂದ ಮ್ಯಾಲೆ ವಿಚಾರ ಮಾಡ್ಲಿಕ್ಕೆ ಶುರು ಮಾಡ್ತೀರಿ, ಅಂದಿದ್ದಳು. ಆಗ ಅವನು ನಕ್ಕಿದ್ದ. ಅವಳು ಹೇಳಿದ್ದು ಕ್ರಿಕೆಟ್ಟಿನ ಬಗ್ಗೆ ಮಾತ್ರ ಅಂತ ಆಗ ಅನಿಸಿತ್ತು.

ಪರದೆಯ ಮೇಲೆ ಆ ಒಂದು ಸಾಲು ಹಾಗೇ ನಿಂತಿತ್ತು. ಜಾಗ ಮಾಡಿಕೊಡು, ಇಲ್ಲವೇ ಬಿಟ್ಟು ನಡೆ. ಅವನು ಆಟದಿಂದ ಹೊರಬಂದು ಮೆಮರಿ ಕಾರ್ಡನ್ನು ತೆರೆದ. ಬೆಂಕಿಪೊಟ್ಟಣಕ್ಕಿಂತ ಚಿಕ್ಕದಾದ ಕಪ್ಪು ಚೀಟಿಯಂಥ ವಸ್ತು, ಅದರಲ್ಲಿ ಎಂಟು ಎಂಬಿ ಜಾಗ. ಆಡಿದ್ದನ್ನು, ಗೆದ್ದದ್ದನ್ನು, ಅರ್ಧಕ್ಕೆ ಬಿಟ್ಟದ್ದನ್ನು ಎಲ್ಲ ಅದು ಹೊಟ್ಟೆಯಲ್ಲಿಟ್ಟುಕೊಳ್ಳುತ್ತಿತ್ತು. ಬೂದುಬಣ್ಣದ ಪರದೆಯ ಮೇಲೆ ಎರಡು ಸಾಲಿನಲ್ಲಿ ಏಳು ಚಿಕ್ಕ ಚಿಕ್ಕ ಗೊಂಬೆಗಳು ತಮ್ಮಷ್ಟಕ್ಕೆ ತಾವು ತಿರುಗುತ್ತಿದ್ದವು. ಒಂದು ಕೆಂಪು ಕಾರು, ಒಂದು ಚೆಂಡು, ಮುಖವಾಡ ಹಾಕಿದ ಕುಸ್ತಿಯವನು, ರೆಕ್ಕೆಯಿರುವ ಯಾವುದೋ ಪ್ರಾಣಿ, ಹುಲ್ಲಿನ ಟೊಪ್ಪಿಗೆಯ ಹುಡುಗಿ. ಒಂದೊಂದು ಗೊಂಬೆಯೂ ಒಂದೊಂದು ಆಟ. ಎಲ್ಲವೂ ಶೀತಲ್‌ಳವೇ. ಯಾವುದನ್ನು ಅಳಿಸಿದರೂ ಅವಳದ್ದನ್ನೇ ಅಳಿಸಬೇಕು ಎಂಬುದು ಹೊಳೆದಾಗ ಬಸವಲಿಂಗನ ಕೈ ಒಂದು ಗಳಿಗೆ ತಡೆಯಿತು. ಆಗ ಮನಸ್ಸು ಏನು ಮಾಡಿತೆಂದರೆ, ತನಗೆ ರೂಢಿಯಿದ್ದ ದಾರಿ ಹಿಡಿಯಿತು. ಮನಸ್ಸಿಗೆ ಕೆಲಸವೇ ಇಲ್ಲದ ದಾರಿ ಅದು. ಕಾರ್ಖಾನೆಯ ಸ್ಟೋರಿನಲ್ಲಿ ಒಂಬತ್ತು ಸಾವಿರ ಬಗೆಯ ಮಾಲು ಇತ್ತು, ಪ್ರತಿಯೊಂದು ಬಗೆಗೂ ಒಂದು ಕಾರ್ಡು ತೂಗುತ್ತಿತ್ತು, ಮಾಲು ಕೊನೆಯ ಸಲ ಯಾವಾಗ ಅಲ್ಲಾಡಿತು ಎಂದು ಅದರಲ್ಲಿ ತಾರೀಖು ಇರುತ್ತಿತ್ತು. ಎರಡು ವರ್ಷದಿಂದ ಅಲ್ಲಾಡದ್ದಕ್ಕೆ ಚಲನೆಯಿಲ್ಲದ ಮಾಲು ಎಂದು ಹೆಸರು. ಅದಕ್ಕೆ ಕೆಂಪು ಚೀಟಿ ಕಟ್ಟಿ ಹಿಂದಿನ ಗುಜರಿ ಅಂಗಳಕ್ಕೆ ಹಾಕಿಸಬೇಕು. ಬೇರಿಂಗೋ ಬೋಲ್ಟೋ, ಜರ್ಮನಿಯದೋ ಪಕ್ಕದ ಚಾಕಣದ್ದೋ, ನೋಡುವ ಹಾಗಿಲ್ಲ. ತಾರೀಖು ನೋಡಬೇಕು, ಚೀಟಿ ಕಟ್ಟಬೇಕು. ಹೊಸಬರು ಇದು ಮುಂದೆ ಬೇಕಾಗಬಹುದು ಸಾಹೇಬ ಎಂದು ತಡೆದಾಗ ಅವನೇ ಪಾಠ ಹೇಳುತ್ತಿದ್ದ. ಬೇಕಾಗಿದ್ದರೆ ಎರಡು ವರ್ಷದಲ್ಲಿ ಒಬ್ಬರಾದರೂ ಕೇಳುತ್ತಿರಲಿಲ್ಲವೇ?

ಅವನು ಒಂದೊಂದೇ ಗೊಂಬೆಯ ಮೇಲೆ ನಿಂತು ತಾರೀಖು ಓದಿದ. ಕಾರಿನದು ಸೆಪ್ಟೆಂಬರ್, ಈ ವರ್ಷದ್ದು, ಅವನೇ ಆಡಿದ್ದು. ಕುಸ್ತಿಯವನದು ಏಪ್ರಿಲ್, ಅದೂ ಅವನೇ. ಹಾಗೆ ನೋಡಿದರೆ ಅವನು ಮುಟ್ಟದೆ ಬಿಟ್ಟಿದ್ದದ್ದು ಒಂದನ್ನೇ, ಹುಲ್ಲಿನ ಟೊಪ್ಪಿಗೆಯ ಹುಡುಗಿಯನ್ನು. ಅದು ಹೊಲ ಮಾಡುವ ಆಟ. ಬೀಜ ಹಾಕುವುದು, ನೀರು ಹಾಕುವುದು, ಹಸುವಿನ ಮೈ ತಿಕ್ಕುವುದು. ಗೆಲ್ಲುವುದು ಸೋಲುವುದು ಇಲ್ಲದ ಆಟ ಎಂದು ಅವನಿಗೆ ಬೇಜಾರು. ಕೊನೆಯ ತಾರೀಖು 2005, ತಿಂಗಳು ಎಂಟು. ಎರಡು ವರ್ಷ ಮೀರಿತ್ತು, ಜಾಗವನ್ನೂ ಎಲ್ಲಕ್ಕಿಂತ ಹೆಚ್ಚು ತಿಂದಿತ್ತು. ಕೈ ಅಳಿಸು ಎಂಬಲ್ಲಿಗೆ ಹೋಯಿತು. ಆಗ ತಿರುಗುತ್ತಿದ್ದ ಹುಡುಗಿ ತಿರುಗುವುದನ್ನು ನಿಲ್ಲಿಸಿ, ಟೊಪ್ಪಿಗೆಯನ್ನು ಎರಡೂ ಕೈಯಲ್ಲಿ ಹಿಡಿದು ಮುಖದ ಮೇಲೆ ಎಳೆದುಕೊಂಡಳು. ಆಟ ಮಾಡಿದವರು ತಮಾಷೆಗೆ ಹಾಗೆ ಮಾಡಿಟ್ಟಿದ್ದರು, ಅಳಿಸಲು ಹೋದರೆ ಗೊಂಬೆ ಹೆದರುವ ಹಾಗೆ. ಖಚಿತವೇ ಎಂದು ಪರದೆ ಕೇಳಿತು. ಹೌದು ಎಂದು ಒತ್ತಿದ. ಒಂದು ಪಟ್ಟಿ ಎಡದಿಂದ ಬಲಕ್ಕೆ ತುಂಬಿತು, ಹುಡುಗಿಯಿದ್ದ ಜಾಗ ಬೂದುಬಣ್ಣವಾಯಿತು. ಇಡೀ ಕೆಲಸಕ್ಕೆ ಒಂದು ನಿಮಿಷವೂ ಹಿಡಿಯಲಿಲ್ಲ.

ತಾರೀಖಿನ ದಿನ ಯಾವುದೆಂದು ಅವನಿಗೆ ಹೊಳೆದದ್ದು ಆಮೇಲೆ. ಶೀತಲ್ ಹೇಳಿದ್ದ ಹಾಗೆ, ಚೆಂಡು ಬಂದ ಮೇಲೆ. ತಿಂಗಳು ಎಂಟು, ದಿನ ಒಂದು, ರಾತ್ರಿ ಹತ್ತಕ್ಕೆ ಐದು ನಿಮಿಷ. ಸೋಮವಾರ. ಅವತ್ತು ಅವನು ಕಾರ್ಖಾನೆಯಿಂದ ಒದ್ದೆಯಾಗಿ ಮನೆಗೆ ಬಂದಾಗ ಶೀತಲ್ ಇಲ್ಲಿಯೇ, ಈ ಮೂರು ಕಲ್ಲುಗಳ ಮೇಲೆ, ಚುರುಮುರಿಯ ಬಟ್ಟಲು ತೊಡೆಯಲ್ಲಿಟ್ಟುಕೊಂಡು ಕೂತಿದ್ದಳು. ನಾಲ್ಕು ದಿನದ ಜ್ವರ ಸಂಜೆ ಬಿಟ್ಟಿತ್ತು. ಪಪ್ಪಾ ನೋಡ್ರಿ, ಆಕಳಿಗೆ ಅಜ್ಜಿ ಅಂತ ಹೆಸರಿಟ್ಟೀನಿ, ಹಾಲು ಹಿಂಡ್ಲಿಕ್ಕೆ ಹೋದ್ರ ಸಿಟ್ಟು ಮಾಡ್ತದ, ಎಂದು ನಗುತ್ತಿದ್ದಳು. ಅಡುಗೆಮನೆಯಿಂದ ಮಾಧುರಿ ರಿಪೋರ್ಟು ಏನಂತ್ರಿ ಎಂದು ಕೇಳಿದಳು. ರಿಪೋರ್ಟು ಅವನ ಚೀಲದಲ್ಲಿತ್ತು. ಮಧ್ಯಾಹ್ನ ಊಟದ ಬಿಡುವಿನಲ್ಲಿ ದಾಪೋಡಿಯ ಲ್ಯಾಬಿಗೆ ಸ್ಕೂಟರಿನಲ್ಲಿ ಹೋಗಿ ಅದನ್ನು ಇಸಿದುಕೊಂಡಿದ್ದ. ಲ್ಯಾಬಿನ ಮನುಷ್ಯ ಒಂದು ಸಂಖ್ಯೆಯ ಕೆಳಗೆ ಪೆನ್ನಿನಿಂದ ಗೆರೆ ಎಳೆದು, ಪ್ಲೇಟ್ಲೆಟ್ ಭಾಳ ಇಳಿದಿವೆ, ಇವತ್ತೇ ಡಾಕ್ಟರಿಗೆ ತೋರಿಸಿ ಎಂದು ಮರಾಠಿಯಲ್ಲಿ ಎರಡು ಸಲ ಹೇಳಿದ್ದ. ಆದರೆ ಅವತ್ತು ಸ್ಟೋರಿಗೆ ಆಡಿಟ್ಟಿನವರು ಬಂದಿದ್ದರು, ಒಂಬತ್ತು ಸಾವಿರ ಕಾರ್ಡುಗಳು ಅವನಿಗಾಗಿ ಕಾಯುತ್ತಿದ್ದವು, ಬಿಟ್ಟಾಗ ಒಂಬತ್ತು ದಾಟಿತ್ತು, ಡಾಕ್ಟರರ ದವಾಖಾನೆ ಮುಚ್ಚಿತ್ತು. ದೊಡ್ಡ ಆಸ್ಪತ್ರೆಗಳು ತೆರೆದಿದ್ದವು. ಅದು ಅವನಿಗೆ ಗೊತ್ತಿತ್ತು. ಹುಡುಗಿ ನಗುತ್ತಿದ್ದಳು, ಮೈ ತಣ್ಣಗಿತ್ತು, ಹೊರಗೆ ಮಳೆ ಹುಯ್ಯುತ್ತಿತ್ತು, ಅವನ ಕಾಲು ನೋಯುತ್ತಿದ್ದವು. ನಾರ್ಮಲ್ ಅದ, ಎಂದು ಅವನು ಹೇಳಿದ. ಬೆಳಿಗ್ಗೆ ಹೋಗುವಾಗ ಡಾಕ್ಟರಿಗೆ ತೋರಿಸಿದರಾಯಿತು ಎಂದುಕೊಂಡ. ಬೆಳಿಗ್ಗೆ ಏಳಕ್ಕೆ ಮ್ಯಾನೇಜರನ ಫೋನ್ ಬಂತು, ಆಡಿಟ್ಟಿಗೆಂದು ನೇರ ಕಾರ್ಖಾನೆಗೆ ಹೋದ.

ಇದೆಲ್ಲ ನೆನಪಾಗುತ್ತಿದ್ದಾಗಲೇ ಅವನು ಮಾಡಿದ್ದೇನೆಂದರೆ, ಆಟಕ್ಕೆ ವಾಪಸು ಹೋಗಿ ಕ್ರಿಕೆಟ್ಟನ್ನು ಉಳಿಸಿದ. ಅದನ್ನು ಆಮೇಲೆ ಎಷ್ಟು ಸಲ ನೆನೆದರೂ ಅವನಿಗೆ ಮೈ ಹೇಸುತ್ತಿತ್ತು. ಅಳಿಸಿದ್ದಾಯಿತು, ಜಾಗವಾಯಿತು, ಉಳಿಸಿದ. ಸರಿಯಾಗಿ ಕೂತಿತು. ಅದಾದ ಮೇಲೆಯೇ ಕಾರ್ಡನ್ನು ಕಿತ್ತು, ಅಂಗಿ ತೊಟ್ಟು ಅದರ ಕಿಸೆಗೆ ಹಾಕಿಕೊಂಡು, ಬಟ್ಟೆ ಹೊದಿಸಿ, ಚಪ್ಪಲಿ ಮೆಟ್ಟಿದ. ಪೂಜೆ ಮುಗಿಸಿದ ಶಿವಬಸವ್ವ ಹಣೆಯ ವಿಭೂತಿ ಒರೆಸಿಕೊಳ್ಳದೆ ಬಾಗಿಲಿಗೆ ಬಂದು, ಎಲ್ಲಿಗೋ ಬಸೂ, ರಜಾ ದಿನಾನೂ ನಿನಗ ಮನಿ ಹಿಡಿಸೂದಿಲ್ಲ, ಅಂದಳು. ಅವನು ಕೇಳಿಸದವನಂತೆ ಮೆಟ್ಟಿಲಿಳಿದ. ರಂಗೂಬಾಯಿಯ ಮನೆಯ ಬಾಗಿಲು ತೆರೆದಿತ್ತು. ಒಳಗೆ ಹೆಂಗಸರ ನಡುವೆ ಮಾಧುರಿಯ ಬೆನ್ನು ಕಾಣುತ್ತಿತ್ತು. ಎಲ್ಲರ ಜೊತೆ ಕೂತಿದ್ದರೂ ಅವಳೊಬ್ಬಳು ಗೋಡೆಯ ಕಡೆ ಮುಖ ಮಾಡಿ ಲಟ್ಟಿಸುತ್ತಿದ್ದಳು. ಮಕ್ಕಳಿದ್ದ ಹೆಂಗಸರು ಅವಳ ಮುಂದೆ ಮಕ್ಕಳ ಮಾತು ಬಂದರೆ ದನಿ ತಗ್ಗಿಸುತ್ತಿದ್ದರು, ಅದು ಅವಳಿಗೆ ತಿಳಿಯುತ್ತಿತ್ತು, ತಿಳಿಯುತ್ತದೆ ಎಂಬುದು ಅವರಿಗೂ ತಿಳಿದಿತ್ತು. ಅವನು ಸದ್ದು ಮಾಡದೆ ಸ್ಕೂಟರನ್ನು ಗೇಟಿನಾಚೆ ತಳ್ಳಿಕೊಂಡು ಹೋಗಿ ಅಲ್ಲಿ ಕಿಕ್ ಹೊಡೆದ.

ಬುಧವಾರ ಪೇಟೆಯ ತಪ್ಕೀರ್ ಗಲ್ಲಿಯಲ್ಲಿ ಮನುಷ್ಯ ಮಾಡಿದ್ದೆಲ್ಲವನ್ನೂ ರಿಪೇರಿ ಮಾಡಿಕೊಡುತ್ತಾರೆ ಎಂದು ಪುಣೆಯಲ್ಲಿ ನಂಬಿಕೆ. ಬಸವಲಿಂಗ ಒಂದು ಅಂಗಡಿಯ ಕಟ್ಟೆಗೆ ಆತು ಕಾರ್ಡನ್ನು ಮುಂದಿಟ್ಟ. ಅಂಗಡಿಯವನಿಗೆ ಇಪ್ಪತ್ತೈದರ ಆಚೀಚೆ, ಕಿವಿಯಲ್ಲಿ ರಿಂಗು. ತಪ್ಪಿ ಒಂದು ಆಟ ಅಳಿಸಿಹೋಗಿದೆ, ತಿರುಗಿ ತರಲಿಕ್ಕಾಗುತ್ತದೆಯೇ ಎಂದು ಬಸವಲಿಂಗ ಕೇಳಿದ. ಅಂಗಡಿಯವನು ಕಾರ್ಡನ್ನು ತನ್ನ ಯಂತ್ರಕ್ಕೆ ಹಚ್ಚಿ ನೋಡಿ, ಎಲ್ಲವೂ ಇದೆಯಲ್ಲ, ಕ್ರಿಕೆಟ್ ಇವತ್ತೇ ಉಳಿಸಿದ್ದೀರಲ್ಲ ಕಾಕಾ, ಎಂದು ದೊಡ್ಡ ದನಿಯಲ್ಲಿ ಹೇಳಿ ನಕ್ಕ. ಬ್ಯಾಟರಿ ಕೊಳ್ಳಲು ಬಂದಿದ್ದ ಇಬ್ಬರು ಕಾಲೇಜು ಹುಡುಗರು ತಿರುಗಿ ನೋಡಿದರು. ಅದಲ್ಲ, ಹೊಲದ ಆಟ, ಟೊಪ್ಪಿಗೆಯ ಹುಡುಗಿ, ಎಂದು ಬಸವಲಿಂಗ ಮರಾಠಿಯಲ್ಲಿ ತಡವರಿಸಿದ. ಮರಾಠಿ ಅವನಿಗೆ ಕನ್ನಡದಷ್ಟೇ ಸಲೀಸು, ಆದರೆ ಆ ಕ್ಷಣಕ್ಕೆ ನಾಲಿಗೆ ಜೋಲಿ ಹೊಡೆಯಿತು. ಯಾರದು, ಮಗಳದ್ದಾ, ಎಂದು ಅಂಗಡಿಯವನು ಕೇಳಿದ. ಹೌದು ಎನ್ನಬಹುದಿತ್ತು. ನನ್ನದೇ, ಎಂದುಬಿಟ್ಟ. ಹುಡುಗರು ನಗು ತಡೆಯಲು ಬ್ಯಾಟರಿಯ ಕಡೆ ಬಾಗಿದರು. ಅಳಿಸಿದ್ದು ಅಳಿಸಿದ ಹಾಗೇ, ಅದರ ಮೇಲೆ ಹೊಸದು ಬೇರೆ ಬರೆದಿದ್ದೀರಿ, ಇನ್ನು ದೇವರು ಬಂದರೂ ಇಲ್ಲ ಎಂದ ಅಂಗಡಿಯವನು, ಕಾರ್ಡನ್ನು ಹಿಂದಕ್ಕೆ ಕೊಡುತ್ತ, ಈ ಸಲ ನಗದೆ, ಒಂದು ಮಾತು ಸೇರಿಸಿದ.

“ಕಾಕಾ, ಬಾಜೂಲಾ ದುಸ್ರಾ ಸ್ಲಾಟ್ ಹೋತಾ ನಾ?”

ಪಕ್ಕದಲ್ಲಿ ಇನ್ನೊಂದು ಕಂಡಿ ಇತ್ತಲ್ಲ. ಇನ್ನೊಂದು ಕಾರ್ಡು ಹಾಕಿದ್ದರೆ ಆಗುತ್ತಿತ್ತು. ಯಾವುದನ್ನೂ ಅಳಿಸಬೇಕಾಗಿರಲಿಲ್ಲ. ಬಸವಲಿಂಗನಿಗೆ ಡಬ್ಬಿಯ ಮುಖ ಕಣ್ಣಿಗೆ ಕಟ್ಟಿತು. ಹೌದು, ಒಂದರ ಪಕ್ಕ ಒಂದು, ಎರಡು ಕಂಡಿಗಳು, ಒಂದು ಯಾವಾಗಲೂ ಖಾಲಿ. ಹದಿನೆಂಟು ವರ್ಷ ಜಾಗದ ಲೆಕ್ಕವನ್ನೇ ಹೊಟ್ಟೆಪಾಡು ಮಾಡಿಕೊಂಡವನಿಗೆ ಅದು ಕಂಡಿರಲಿಲ್ಲ. ಪಾಸೋಡ್ಯಾ ಮಾರುತಿ ಗುಡಿಯ ಹತ್ತಿರ ಗಾಡಿಗಳು ಸಿಕ್ಕಿಹಾಕಿಕೊಂಡಿದ್ದವು, ಅವನು ನಡುವೆ ಸ್ಕೂಟರ್ ನಿಲ್ಲಿಸಿಕೊಂಡು ಬಿಸಿಲು ಕುಡಿಯುತ್ತ ತನಗೆ ತಾನೇ ಸಮಾಧಾನ ಹೇಳಿಕೊಳ್ಳಲು ನೋಡಿದ. ಯಾರಿಗೆ ಗೊತ್ತಾಗುತ್ತದೆ? ಮಾಧುರಿ ಅದನ್ನು ಮುಟ್ಟುವುದೇ ಇಲ್ಲ. ಅವ್ವನಿಗೆ ಟೀವಿಯೂ ಅದೂ ಒಂದೇ. ಹೋದದ್ದೇನು, ಮಗಳಂತೂ ಮೊದಲೇ ಹೋಗಿದ್ದಾಳೆ, ಅವಳ ಹೊಲ ಹೋದರೇನು ಹಸು ಹೋದರೇನು? ಕೊನೆಯ ಮಾತು ಮನಸ್ಸಿನಲ್ಲಿ ಹಾದದ್ದೇ ಅವನು ಹೆಲ್ಮೆಟ್ಟಿನೊಳಗೆ ಅತ್ತ. ಹಿಂದಿನ ರಿಕ್ಷಾದವನು ಹಾರ್ನ್ ಹೊಡೆದು, ನಿದ್ದೆ ಬಂತೇನೋ ಎಂದು ಬೈದ. ಸಿಗ್ನಲ್ಲು ಯಾವಾಗಲೋ ಹಸಿರಾಗಿತ್ತು.

ಮನೆಯ ಬಾಗಿಲಲ್ಲಿ ಮಾಧುರಿಯ ಚಪ್ಪಲಿಗಳಿದ್ದವು. ಒಳಗೆ ಬಂದರೆ ಕ್ರೋಶಾ ಬಟ್ಟೆ ನಾಲ್ಕು ಮಡಿಕೆಯಾಗಿ ಸೋಫಾದ ಕೈ ಮೇಲಿತ್ತು. ಮಾಧುರಿ ಟೀವಿಯ ಮುಂದೆ ಎರಡನೆಯ ಕಲ್ಲಿನ ಮೇಲೆ ಕೂತಿದ್ದಳು, ಬೆರಳುಗಳಲ್ಲಿ ಇನ್ನೂ ಹಿಟ್ಟು. ಡಬ್ಬಿ ಹಚ್ಚಿತ್ತು. ಕಾರ್ಡು ಎಲ್ಲಿ ಹೋಯಿತೆಂದು ಅವಳು ಸ್ಟ್ಯಾಂಡಿನ ಕೆಳಗೆ ಕೈಯಾಡಿಸಿ ಹುಡುಕುತ್ತಿದ್ದಳು. ಬಸವಲಿಂಗ ನಿಂತಲ್ಲೇ ನಿಂತ. ಅವಳು ಅವನನ್ನು ನೋಡಿ ಕಳ್ಳತನದಲ್ಲಿ ಸಿಕ್ಕವಳಂತೆ ಕೆಂಪಗಾಗಿ, ಆಮೇಲೆ ಅವನ ಮುಖವನ್ನು ನೋಡಿ, ಕೈ ಚಾಚಿದಳು. ಅವನು ಕಿಸೆಯಿಂದ ಕಾರ್ಡು ತೆಗೆದು ಕೊಟ್ಟ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿಕೊಂಡವನ ಹಾಗೆ, ಕೇಳುವ ಮೊದಲೇ ಕೊಟ್ಟ. ಅವಳು ಅದನ್ನು ಎಷ್ಟು ಸಲೀಸಾಗಿ ಕಂಡಿಗೆ ಕೂರಿಸಿದಳೆಂದರೆ, ಬಾಗಿಲಿಗೆ ಕೀಲಿ ಹಾಕುವಷ್ಟು ಸಲೀಸು. ಗೊಂಬೆಗಳು ಬಂದವು. ಕಾರು, ಕುಸ್ತಿಯವನು, ರೆಕ್ಕೆಯ ಪ್ರಾಣಿ. ಅವಳ ಹೆಬ್ಬೆರಳು ನೋಡದೆಯೇ ಕೆಳಗಿನ ಸಾಲಿನ ಮೊದಲನೆಯದಕ್ಕೆ ಹೋಯಿತು. ಅಲ್ಲಿ ಬ್ಯಾಟು ಹಿಡಿದ ಒಬ್ಬ ಗಂಡಸು ತಿರುಗುತ್ತಿದ್ದ. ಅವಳು ಹಿಂದಕ್ಕೆ ಬಂದಳು, ಮತ್ತೆ ಹೋದಳು. ಇನ್ನೊಮ್ಮೆ ಮೊದಲಿನಿಂದ ಎಣಿಸಿದಳು.

“ಕಾರ್ಡ್ ಕೆಟ್ಟದ,” ಅಂದ ಬಸವಲಿಂಗ. “ಅಂಗಡಿಗೆ ಒಯ್ದು ತೋರಿಸಿದೆ. ಹಳೇದಾದ ಮ್ಯಾಲೆ ತಾನ ಹೋಗ್ತಾವಂತ.”

ಇಷ್ಟು ಹೇಳಿ ಅವನು ಸೋಫಾದ ತುದಿಗೆ ಕೂತ. ಕೈಗೆ ಕ್ರೋಶಾ ಬಟ್ಟೆ ತಾಗಿತು. ಎಲ್ಲ ಗುರುವಾರಗಳಲ್ಲಿ ತಾನು ಅಳತೆ ನೋಡಿ ಹಾಸುತ್ತಿದ್ದ ಹೂವಿನ ಅಂಚು, ಅದನ್ನು ಅಳತೆ ನೋಡಿ ಹಾಸುತ್ತಿದ್ದವರು ಇಬ್ಬರು. ಒಂದೇ ಕಳ್ಳತನವನ್ನು ಗಂಡ ಹೆಂಡತಿ ಒಬ್ಬರಿಗೊಬ್ಬರು ಗೊತ್ತಾಗದ ಹಾಗೆ ಮಾಡಿಕೊಂಡು ಬಂದಿದ್ದರು. ಮಾಧುರಿ ಹೇಳಿದ್ದನ್ನು ಅವನು ಅರ್ಧ ಕೇಳಿಸಿಕೊಂಡ, ಅರ್ಧ ಕಣ್ಣಿಗೆ ಕಟ್ಟಿಕೊಂಡ. ದಿನಾ ಮಧ್ಯಾಹ್ನ, ಅತ್ತೆ ಊಟ ಮಾಡಿ ಅಡ್ಡಾದ ಮೇಲೆ, ಅವಳು ಇದನ್ನು ಹಚ್ಚುತ್ತಿದ್ದಳು. ಆಡಲು ಬರುತ್ತಿರಲಿಲ್ಲ. ಆಟ ತೆರೆದರೆ ಬೆಳಗಾಗುತ್ತಿತ್ತು, ಕೋಳಿ ಕೂಗುತ್ತಿತ್ತು, ಟೊಪ್ಪಿಗೆಯ ಹುಡುಗಿ ಮನೆಯಿಂದ ಹೊರಗೆ ಬಂದು ಮೈ ಮುರಿಯುತ್ತಿದ್ದಳು. ಅವಳನ್ನು ಬಾವಿಯ ತನಕ ನಡೆಸಿಕೊಂಡು ಹೋಗಿ, ಹಸುವಿನ ಹತ್ತಿರ ನಿಲ್ಲಿಸಿ, ನಾಯಿಯನ್ನು ಮುಟ್ಟಿಸಿ, ವಾಪಸು ಮನೆಗೆ ಕರೆತಂದು ಬಂದ್ ಮಾಡಿಬಿಡುತ್ತಿದ್ದಳು. ಉಳಿಸುತ್ತಿರಲಿಲ್ಲ. ಉಳಿಸಬೇಡ ಎಂದು ಶೀತಲ್ ಹೇಳಿದ್ದಳು. ಸೋಮವಾರ ರಾತ್ರಿ ಮಲಗುವಾಗ, ಮಮ್ಮಿ ನೀ ನೋಡೂದಿದ್ರ ನೋಡು, ಸೇವ್ ಮಾಡಬ್ಯಾಡ, ನನ್ನ ಬೆಳಿ ಕೆಡತಾವ, ನಾಳೆ ನಾನ ಮಾಡ್ತೀನಿ, ಅಂದಿದ್ದಳು. ಅದಕ್ಕೆ ಮರುದಿನ ತೆರೆದರೆ ಮತ್ತೆ ಅದೇ ಬೆಳಗು, ಅದೇ ಕೋಳಿ. ಎರಡು ವರ್ಷದಲ್ಲಿ ಒಂದು ದಿನವೂ ಮುಂದೆ ಹೋಗಿರಲಿಲ್ಲ. ತಾರೀಖು ಅಲ್ಲಾಡದೆ ಇದ್ದದ್ದು ಅದಕ್ಕೆ. ಕಾರ್ಡಿನಲ್ಲಿ ಎಲ್ಲಕ್ಕಿಂತ ಹೆಚ್ಚು ಕೈಯಾಡಿದ ಮಾಲು ಅದಾಗಿತ್ತು.

ಅವಳು ಬೈಯಲಿ ಎಂದು ಬಸವಲಿಂಗ ಕಾಯ್ದ. ಮಾಧುರಿ ಬೈಯಲಿಲ್ಲ, ಅನುಮಾನವನ್ನೂ ಪಡಲಿಲ್ಲ. ಅವನು ಹೇಳಿದ್ದನ್ನು ಅವಳು ಯಾವತ್ತು ಅನುಮಾನಿಸಿದ್ದಳು? ನಾರ್ಮಲ್ ಅಂದರೆ ನಾರ್ಮಲ್, ಕೆಟ್ಟದ ಅಂದರೆ ಕೆಟ್ಟದ. ಹೆಬ್ಬೆರಳ ಹಿಟ್ಟನ್ನು ಸೆರಗಿಗೆ ಒರೆಸುತ್ತ ಅವಳು ತನ್ನೊಳಗೇ ಹುಡುಕುತ್ತಿದ್ದಳು.

“ತಾನ ಹೆಂಗ ಹೋಗ್ತದ್ರಿ?” ಅಂದಳು. “ನಿನ್ನೆ ಬಂದ್ ಮಾಡುವಾಗ ಅತ್ತಿ ಕರದ್ರು. ಗಡಿಬಿಡಿಯಾಗ ಬ್ಯಾರೆ ಗುಂಡಿ ಒತ್ತಿದೆ. ನಾನ ಏನೋ ಮಾಡೀನಿ. ನನ್ನ ಕೈಯಾಗ ಯಾವುದೂ ಉಳಿಯೂದಿಲ್ಲ.”

ಕೊನೆಯ ಮಾತು ಅವಳದ್ದಲ್ಲ, ಶಿವಬಸವ್ವನದು. ಎರಡು ವರ್ಷದ ಹಿಂದಿನ ಆ ಮಂಗಳವಾರ ಬೆಳಿಗ್ಗೆ ಜ್ವರ ಬಿಟ್ಟ ಹುಡುಗಿ ತಲೆಯೆಲ್ಲ ಜಿಗುಟಾಗಿದೆ, ನೀರು ಹಾಕು ಎಂದು ಹಟ ಹಿಡಿದಿದ್ದಳು. ಜ್ವರ ಬಿಟ್ಟರೆ ಮೂರು ದಿನ ತಡೆದು ತಲೆಗೆ ನೀರು ಹಾಕುವುದು ಊರ ಕಡೆಯ ರೂಢಿ. ರಿಪೋರ್ಟು ನಾರ್ಮಲ್ ಇದೆಯೆಂಬ ಧೈರ್ಯದ ಮೇಲೆ ಮಾಧುರಿ ಅವತ್ತೇ ಎರೆದಳು. ಸಂಜೆ ನಾಲ್ಕಕ್ಕೆ ಹುಡುಗಿಯ ಕೈಕಾಲು ತಣ್ಣಗಾದವು, ಒಸಡಿನಲ್ಲಿ ರಕ್ತ ಬಂತು. ಮೊದಲು ರಕ್ತ ಪರೀಕ್ಷೆ ಮಾಡಿಸಿದ್ದಿರಾ ಎಂದು ಆಸ್ಪತ್ರೆಯ ಡಾಕ್ಟರು ಕೇಳಿದಾಗ ಮಾಧುರಿಯೇ ಮುಂದೆ ಬಂದು, ಹೌದು, ನಾರ್ಮಲ್ ಇತ್ತು, ಅಂದಳು. ಅವನು ಅವಳ ಪಕ್ಕದಲ್ಲೇ ನಿಂತಿದ್ದ. ಗುರುವಾರ ಬೆಳಗಿನ ಜಾವ ಎಲ್ಲ ಮುಗಿಯಿತು. ಮಣ್ಣು ಕೊಟ್ಟು ಬಂದ ಮೇಲೆ ಶಿವಬಸವ್ವ ಬಂದವರೆಲ್ಲರ ಮುಂದೆ, ಹಸಿ ಮೈಗೆ ನೀರು ಹಾಕಿ ಕೂಸಿನ್ನ ಕಳಕೊಂಡ್ಳು, ಇಕೀ ಕೈಯಾಗ ಯಾವುದೂ ಉಳಿಯೂದಿಲ್ಲ ಎಂದು ಹಾಡಾಡಿಕೊಂಡು ಅತ್ತಳು. ಅದು ನೀರಿನಿಂದಲ್ಲ ಅವ್ವಾ ಎಂದು ಅವನು ಹೇಳಲಿಲ್ಲ. ಹೇಳಿದರೆ ಮತ್ಯಾತರಿಂದ ಎಂದು ಕೇಳುತ್ತಿದ್ದಳು. ಆರನೆಯ ದಿನ ಕಾರ್ಖಾನೆಗೆ ಹೋದವನು ಚೀಲದಲ್ಲಿದ್ದ ರಿಪೋರ್ಟನ್ನು ಪಾಯಿಖಾನೆಯಲ್ಲಿ ಸಣ್ಣಗೆ ಹರಿದು ನೀರು ಬಿಟ್ಟಿದ್ದ. ಅಷ್ಟರಿಂದ ಅವನ ಪಾಲಿನ ಕೆಲಸ ಮುಗಿದಿತ್ತು. ಮುಂದಿನದನ್ನು ಮಾಧುರಿ ಹೊತ್ತಳು. ಅವತ್ತಿನಿಂದ ಅವಳು ಮನೆಯಲ್ಲಿ ಯಾರ ತಲೆಗೂ ನೀರು ಹಾಕಲಿಲ್ಲ, ಯುಗಾದಿಗೆ ಅತ್ತೆಗೆ ಎಣ್ಣೆನೀರು ಎರೆಯುವುದನ್ನು ಸಹ ಬಿಟ್ಟಳು. ಅತ್ತೆಯೂ ಕೇಳಲಿಲ್ಲ.

ಈಗ ಇದನ್ನೂ ಅವಳು ಹೊರಲು ಬಾಗಿದ್ದಳು. ಸುಮ್ಮನಿದ್ದರೆ ಸಾಕಿತ್ತು. ಹೋಗಲಿ ಬಿಡು, ಬೇಕಂತ ಮಾಡಿದಿಯೇನು, ಎಂದು ಬೆನ್ನು ಸವರಿದ್ದರೆ ದೊಡ್ಡ ಮನಸ್ಸಿನ ಗಂಡ ಅಂತಲೂ ಅನಿಸಿಕೊಳ್ಳಬಹುದಿತ್ತು. ಆ ಮಾತು ತುಟಿಗೆ ಬಂದೂ ಬಂದಿತ್ತು. ಅವನು ಟೀವಿ ನೋಡಿದ. ಬ್ಯಾಟು ಹಿಡಿದ ಗಂಡಸು ತಿರುಗುತ್ತಲೇ ಇದ್ದ, ಮುಖ, ಬೆನ್ನು, ಮುಖ, ಬೆನ್ನು. ಬಸವಲಿಂಗನಿಗೆ ತನ್ನ ಮೇಲೆ ಹುಟ್ಟಿದ ಅಸಹ್ಯ ಎಷ್ಟಿತ್ತೆಂದರೆ, ಬಾಯಿ ತೆರೆದದ್ದು ಧೈರ್ಯದಿಂದಲ್ಲ, ವಾಂತಿ ಬರುವವನು ತೆರೆಯುವ ಹಾಗೆ ತೆರೆದ.

“ನೀ ಅಲ್ಲ. ನಾ ಅಳಿಸೀನಿ. ಕ್ರಿಕೆಟ್ಟಿಗೆ ಜಾಗ ಬೇಕಾಗಿತ್ತು.”

ಮಾಧುರಿ ತಿರುಗಿ ನೋಡಿದಳು. ಸಿಟ್ಟು ಬರುತ್ತದೆ ಎಂದು ಅವನು ಮೈ ಬಿಗಿಹಿಡಿದಿದ್ದ. ಅವಳ ಮುಖದಲ್ಲಿ ಬಂದದ್ದು ಸಿಟ್ಟಲ್ಲ. ಹುಬ್ಬುಗಳ ನಡುವಿನ ಗಂಟು ಸಡಿಲಾಯಿತು, ತುಟಿ ಸ್ವಲ್ಪ ತೆರೆಯಿತು, ನಾನಲ್ಲವಾ, ಎಂದು ಮಗುವಿನ ಹಾಗೆ ಕೇಳಿದಳು. ನೀನಲ್ಲ, ಎಂದ. ಹೌದಾ, ಎಂದಳು, ಮತ್ತು ಉಸಿರುಬಿಟ್ಟಳು. ಮಗಳ ಕೊನೆಯ ಬೆಳಗು ಹೋಗಿಬಿಟ್ಟಿದೆ, ಆದರೂ ಅವಳಿಗೆ ಒಂದು ಗಳಿಗೆ ನೆಮ್ಮದಿಯಾಗಿತ್ತು, ಕೆಡಿಸಿದ ಕೈ ತನ್ನದಲ್ಲ ಎಂಬ ಅಷ್ಟೇ ಅಷ್ಟು ನೆಮ್ಮದಿ. ಅದನ್ನು ನೋಡುವುದು ಬಸವಲಿಂಗನಿಂದ ಆಗಲಿಲ್ಲ. ಎರಡು ವರ್ಷ ನಾಲ್ಕು ತಿಂಗಳು, ದಿನಾ ಊಟಕ್ಕೆ ಕೂತಾಗ, ಇದನ್ನು ಇವಳಿಗೆ ಕೊಡಬಹುದಿತ್ತು. ಕಿಸೆಯಲ್ಲೇ ಇಟ್ಟುಕೊಂಡು ತಿರುಗಿದ್ದ.

“ಇನ್ನೊಂದು ಅದ,” ಅಂದ. “ಆ ರಿಪೋರ್ಟ್ ನಾರ್ಮಲ್ ಇರಲಿಲ್ಲ. ಇವತ್ತ ದವಾಖಾನಿಗೆ ಒಯ್ರಿ ಅಂತ ಲ್ಯಾಬಿನಾಂವ ಹೇಳಿದ್ದ. ಸೋಮವಾರನ ಹೇಳಿದ್ದ. ನಾ ನಿನಗ ಸುಳ್ಳು ಹೇಳಿದೆ.”

ಒಳಕೋಣೆಯಲ್ಲಿ ಮಂಚ ಕಿರುಗುಟ್ಟಿತು, ಆಮೇಲೆ ಅದೂ ನಿಂತಿತು. ಬಾಗಿಲ ಪರದೆಯ ಕೆಳಗೆ ತಾಯಿಯ ಪಾದಗಳು ಕಾಣುತ್ತಿದ್ದವು. ಬಸವಲಿಂಗ ಉಳಿದದ್ದನ್ನು ಹೇಳಿದ, ಹೇಳುತ್ತ ಹೋದಂತೆ ಅದು ಬಹಳ ಚಿಕ್ಕದಾಗಿತ್ತು, ಆಡಿಟ್ಟು, ಮಳೆ, ಕಾಲುನೋವು, ನಾಲ್ಕು ಮಾತಿನಲ್ಲಿ ಮುಗಿದುಹೋಯಿತು. ನಿನ್ನ ನೀರಿನಿಂದ ಏನೂ ಆಗಿರಲಿಲ್ಲ ಎಂದು ಡಾಕ್ಟರು ತನಗೆ ಹೇಳಿದ್ದನ್ನೂ ಹೇಳಿದ. ಮಾಧುರಿ ಕೇಳಿದಳೋ ಇಲ್ಲವೋ ತಿಳಿಯಲಿಲ್ಲ. ಅವಳು ಕೈಯಲ್ಲಿದ್ದ ಆಟದ ರಿಮೋಟನ್ನು ನೆಲಕ್ಕಿಟ್ಟು, ಗೋಡೆ ಹಿಡಿದು ಎದ್ದಳು. ಹೊಡೆದಿದ್ದರೆ ಅವನು ಕೆನ್ನೆ ಕೊಡುತ್ತಿದ್ದ, ಹೊರಗೆ ಹೋಗು ಎಂದಿದ್ದರೆ ಹೋಗುತ್ತಿದ್ದ, ಯಾಕೆ ಎಂದು ಕೇಳಿದ್ದರೆ ಕಾಲಿಗೆ ಬೀಳುತ್ತಿದ್ದ. ಅವಳು ಅವನನ್ನು ದಾಟಿ, ಸೋಫಾವನ್ನು ದಾಟುವ ಹಾಗೆ ದಾಟಿ, ಒಳಕೋಣೆಯ ಬಾಗಿಲಿಗೆ ಹೋದಳು. ಪರದೆಯನ್ನು ಸರಿಸಲಿಲ್ಲ. ಅದರ ಮುಂದೆ ನಿಂತು, ಆಚೆ ನಿಂತ ಪಾದಗಳಿಗೆ, ಯಾರೋ ಆಗಷ್ಟೇ ಕೇಳಿದ್ದಕ್ಕೆ ಉತ್ತರ ಕೊಡುವವಳ ದನಿಯಲ್ಲಿ ಹೇಳಿದಳು.

“ಅತ್ತಿ, ಅವತ್ತ ಎರೆದ ನೀರು ಛಲೋ ಕಾದಿದ್ವುರಿ. ನಾ ಕೈ ಅದ್ದಿ ನೋಡಿದ್ದೆ.”